ಒಂಬತ್ತು ಗಂಟೆಯ ಮಧ್ಯಾಹ್ನದ ಊಟ

ಡಾಕ್ಟರು ರಿಪೋರ್ಟ್ ಮೇಜಿನ ಮೇಲಿಟ್ಟು, "ಎಚ್‌ಬಿಎ1ಸಿ, ಅಂದರೆ ಮೂರು ತಿಂಗಳ ಸರಾಸರಿ ಸಕ್ಕರೆ, 6.1 ಇದೆ. ಇನ್ನೂ ಸಕ್ಕರೆ ಕಾಯಿಲೆ ಅಲ್ಲ. ಆದರೆ ಅದರ ಮನೆ ಬಾಗಿಲಲ್ಲಿ ಚಪ್ಪಲಿ ಬಿಡ್ತಾ ಇದ್ದೀರಿ" ಅಂದರು. ಇಂಟರ್ಮಿಟೆಂಟ್ ಫಾಸ್ಟಿಂಗ್ ಮಾಡಲಾ ಅಂತ ಕೇಳಿದೆ. ಸಕ್ಕರೆ ಮಾತ್ರೆ ನುಂಗುವವರು ಕೇಳದೆ ಮಾಡಬಾರದು, ನಿಮಗೆ ಸದ್ಯ ಮಾತ್ರೆ ಇಲ್ಲ, ಮಾಡಿ ನೋಡಿ ಅಂದರು. ಅವತ್ತು ರಾತ್ರಿಯೇ ಮೊಬೈಲಿಗೆ ಒಂದು ಆಪ್ ಇಳಿಸಿಕೊಂಡೆ. ರಾತ್ರಿ ಎಂಟಕ್ಕೆ ಊಟ ಮುಗಿಸಿ ಒಂದು ಗುಂಡಿ ಒತ್ತಬೇಕು. ಮಾರನೆ ದಿನ ಮಧ್ಯಾಹ್ನ ಹನ್ನೆರಡಕ್ಕೆ ಅದು ಟಿಣ್ ಅನ್ನುತ್ತದೆ. ನಡುವೆ ನೀರು, ಸಕ್ಕರೆ ಹಾಕದ ಕರಿ ಚಹಾ, ಅಷ್ಟೇ. ನಮ್ಮ ವಿಜಯಪುರದ ಕಡೆ ಇದಕ್ಕೆ ಹತ್ತಿರದ್ದು ಒಪ್ಪತ್ತು. ಶ್ರಾವಣ ಸೋಮವಾರ ಬಂತೆಂದರೆ ಅವ್ವ ಅದನ್ನು ಯಾವ ಟಿಣ್ ಇಲ್ಲದೆ ಮಾಡುತ್ತಿದ್ದಳು.

ಎರಡು ತಿಂಗಳಲ್ಲಿ ಒಂದು ವಿಷಯ ಗೊತ್ತಾಯಿತು. ಉಪವಾಸ ಇರೋದು ಅಂಥ ಕಷ್ಟ ಅಲ್ಲ. ಬಿಡೋದು ಕಷ್ಟ. ಹನ್ನೆರಡಕ್ಕೆ ಕೈಗೆ ಸಿಕ್ಕಿದ್ದನ್ನು ಗಬಗಬ ತಿನ್ನುತ್ತಿದ್ದೆ. ಒಂದು ದಿನ ಚಿತ್ರಾನ್ನ, ಇನ್ನೊಂದು ದಿನ ನಿನ್ನೆಯ ಅನ್ನ-ಸಾರು. ಎರಡು ಗಂಟೆಗೆ ಲ್ಯಾಪ್‌ಟಾಪ್ ಮುಂದೆ ತೂಕಡಿಕೆ. ತೂಕ ಮಾತ್ರ ಇದ್ದಲ್ಲೇ ಇತ್ತು. ಯಾಕೆ ಹೀಗೆ ಅಂತ ಹುಡುಕುತ್ತಾ ಹೋದಾಗ ಸ್ಯಾನ್ ಫ್ರಾನ್ಸಿಸ್ಕೋದ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದವರು 2020ರಲ್ಲಿ ಪ್ರಕಟಿಸಿದ ಒಂದು ಪ್ರಯೋಗ ಸಿಕ್ಕಿತು. 116 ಜನ, 12 ವಾರ, ಊಟದ ಸಮಯ ಥೇಟ್ ನನ್ನದೇ: ಮಧ್ಯಾಹ್ನ ಹನ್ನೆರಡರಿಂದ ರಾತ್ರಿ ಎಂಟು. ಏನು ತಿನ್ನಬೇಕು ಅಂತ ಹೇಳಿರಲಿಲ್ಲ, ಯಾವಾಗ ತಿನ್ನಬೇಕು ಅಂತ ಮಾತ್ರ. ದಿನಕ್ಕೆ ಮೂರು ಹೊತ್ತು ತಿಂದವರಿಗೂ ಇವರಿಗೂ ತೂಕದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಬರಲಿಲ್ಲ. ಕರಗಿದ ಸ್ವಲ್ಪದರಲ್ಲೂ ಸ್ನಾಯುವಿನ ಪಾಲು ಜಾಸ್ತಿ ಇತ್ತು. ಅಂದರೆ ಗಡಿಯಾರ ಒಂದೇ ಸಾಲದು, ತಟ್ಟೆಯನ್ನೂ ನೋಡಬೇಕು. ಕಾಳು, ಬೇಳೆ, ಸೊಪ್ಪು ಇರಬೇಕು. ಆದರೆ ದಿನಾ ಅದೇ ಹೆಸರುಕಾಳಿನ ಉಸಲಿ ತಿಂದು ನನಗೆ ಸಾಕಾಗಿತ್ತು.

ಆಗ ಮೇಲಿನ ಮನೆಯಿಂದ ವಾಸನೆ ಇಳಿದು ಬಂತು.

ನಮ್ಮ ಮಹಡಿ ಮೇಲೆ ಇಥಿಯೋಪಿಯಾದ ಇಬ್ಬರು ಹುಡುಗಿಯರು ಬಾಡಿಗೆಗಿದ್ದಾರೆ. ಬೆಂಗಳೂರಲ್ಲಿ ಪಿಎಚ್.ಡಿ. ಮಾಡುತ್ತಿದ್ದಾರೆ. ಒಬ್ಬಾಕೆಗೆ ಅಡುಗೆ ಅಂದರೆ ಜೀವ. ಒಂದು ಬುಧವಾರ ಮೆಟ್ಟಿಲ ಮೇಲೆ ಸಿಕ್ಕಾಗ ಒಂದು ತಟ್ಟೆ ಕೈಗಿಟ್ಟಳು. ಕೆಳಗೆ ಕಂದು ಬಣ್ಣದ ಅಗಲವಾದ ದೋಸೆ, ಮೇಲೆ ನಾಲ್ಕು ಗುಡ್ಡೆ: ಕೆಂಪು ಬೇಳೆ, ಹಳದಿ ಬೇಳೆ, ಸೊಪ್ಪು, ಕಡಲೆಹಿಟ್ಟಿನ ಗಟ್ಟಿ ಗೊಜ್ಜಿನಂಥದ್ದು. ದೋಸೆಯ ಹೆಸರು ಇಂಜೆರಾ. ಚೆನ್ನಾಗಿ ಹುಳಿ ಬಂದ ದೋಸೆ ರುಚಿ, ಆದರೆ ಗರಿಗರಿ ಅಲ್ಲ, ಒದ್ದೆ ಸ್ಪಂಜಿನ ಹಾಗೆ ಮೆತ್ತಗೆ. "ಇವತ್ತು ನಮಗೆ ಉಪವಾಸ, ಅದಕ್ಕೇ ಮಾಂಸ, ಬೆಣ್ಣೆ ಇಲ್ಲ" ಅಂದಳು. ನಾನು ಕಿವಿ ನಿಮಿರಿಸಿದೆ.

ಅವರದು ಇಥಿಯೋಪಿಯಾದ ಆರ್ಥಡಾಕ್ಸ್ ಕ್ರೈಸ್ತ ಪಂಥ. ವರ್ಷದ ಬಹುತೇಕ ಎಲ್ಲಾ ಬುಧವಾರ, ಶುಕ್ರವಾರ ಉಪವಾಸ. ಈಸ್ಟರ್‌ಗೆ ಮುಂಚೆ 55 ದಿನ ಸತತ. ಎಲ್ಲಾ ಸೇರಿಸಿದರೆ ಸಾಮಾನ್ಯ ಜನರಿಗೇ ವರ್ಷದಲ್ಲಿ ಅರ್ಧದಷ್ಟು ದಿನ ಆಗುತ್ತದೆ. ಮಧ್ಯಾಹ್ನ ಇಳಿಯುವವರೆಗೆ ಏನೂ ತಿನ್ನುವಂತಿಲ್ಲ. ಆಮೇಲೆ ತಿನ್ನುವುದೂ ಬರೀ ಕಾಳು, ಬೇಳೆ, ಸೊಪ್ಪು, ಎಣ್ಣೆಬೀಜ. ಹಾಲು, ತುಪ್ಪ, ಮೊಟ್ಟೆ ಯಾವುದೂ ಇಲ್ಲ. ನಾನು ಎರಡು ತಿಂಗಳಿಂದ ಆಪ್ ಇಟ್ಟುಕೊಂಡು ಒದ್ದಾಡುತ್ತಿದ್ದ ಪ್ರಶ್ನೆಗೆ ಒಂದು ದೇಶ ನೂರಾರು ವರ್ಷದ ಹಿಂದೆಯೇ ಅಡುಗೆ ಕಂಡುಹಿಡಿದು ಕೂತಿದೆ!

ಅವಳು ಕೊಟ್ಟ ಬೆರ್ಬೆರೆ ಪುಡಿ ಹಾಕಿ ಆ ಭಾನುವಾರವೇ ಮಸೂರ ಬೇಳೆ ಬೇಯಿಸಿದೆ. ಬೆರ್ಬೆರೆ ಅಂದರೆ ನಮ್ಮ ಮಸಾಲೆ ಖಾರದ ದೂರದ ತಂಗಿ. ಮೆಣಸಿನಕಾಯಿ, ಬಳ್ಳೊಳ್ಳಿ, ಶುಂಠಿ, ಮೆಂತ್ಯ, ಅಜವಾನ, ಕರಿಜೀರಿಗೆ, ಜೊತೆಗೆ ಕೊರಾರಿಮಾ ಅನ್ನುವ ಅವರ ಏಲಕ್ಕಿ. ಹನ್ನೆರಡಕ್ಕೆ ಟಿಣ್ ಅಂದದ್ದೇ ತಡ, ಖಾಲಿ ಹೊಟ್ಟೆಗೆ ಅದನ್ನು ಸುರಿದೆ. ಸಂಜೆವರೆಗೆ ಎದೆಯುರಿ. ಹದಿನಾರು ಗಂಟೆ ಖಾಲಿ ಇದ್ದ ಹೊಟ್ಟೆಗೆ ಮೊದಲ ತುತ್ತೇ ಖಾರ ಕೊಟ್ಟರೆ ಅದು ಸುಮ್ನೆ ಬಿಡುತ್ತಾ? ಇದನ್ನು ಅವಳಿಗೆ ಹೇಳಿದಾಗ ನಕ್ಕು, "ಮೊದಲು ಸುಫ್ ಕುಡಿಯಬೇಕಿತ್ತು" ಅಂದಳು. ಸುಫ್ ಏನು ಅಂತ ವಿವರಿಸಲು ಅವಳಿಗೆ ಬರಲಿಲ್ಲ. ಬಿಳಿ ಬೀಜ, ಮುಳ್ಳಿನ ಗಿಡ, ಕಿತ್ತಳೆ ಹೂವು ಅಂತ ಕೈಯಲ್ಲೇ ಗಿಡ ಬಿಡಿಸಿದಳು.

ನಾನು ಎದ್ದು ಹೋಗಿ ಅವ್ವ ಬಸ್ಸಿಗೆ ಹಾಕಿ ಕಳಿಸಿದ್ದ ಡಬ್ಬಿಗಳನ್ನು ತಂದು ಅಡುಗೆಕಟ್ಟೆ ಮೇಲೆ ಸಾಲಾಗಿ ಇಟ್ಟೆ. ಮೊದಲ ಡಬ್ಬಿ ಕುಸುಬಿ. ಮುಚ್ಚಳ ತೆಗೆದೆ. "ಸುಫ್!" ಅಂದಳು. ಎರಡನೆಯದು ಗುರೆಳ್ಳು, ಬೆಂಗಳೂರಿನವರು ಹುಚ್ಚೆಳ್ಳು ಅನ್ನೋದು. ಅದನ್ನು ಅವಳು ಮುಷ್ಟಿಯಲ್ಲಿ ತೆಗೆದು ಮೂಸಿದಳು. "ನುಗ್. ನಿಮ್ಮ ಮನೆಯಲ್ಲಿ ನುಗ್ ಇದೆ!" ಮೂರನೆಯದು ಅಗಸಿ. "ತೆಲ್ಬಾ." ನಾಲ್ಕನೆಯದು ಬಿಳಿಜೋಳ. ಅದಕ್ಕೆ ಮಾಷಿಲ್ಲಾ. ಕೊನೆಗೆ ನನ್ನ ಹೆಂಡತಿ ಹಾಸನದವಳಾದ್ದರಿಂದ ನಮ್ಮ ಮನೆಗೆ ಬಂದಿರುವ ರಾಗಿ. "ಡಾಗುಸ್ಸಾ" ಅಂದಳು. ತಮ್ಮ ಸೀಮೆಯಲ್ಲಿ ಇಂಜೆರಾಕ್ಕೆ ಅದನ್ನೂ ಬೆರೆಸುತ್ತಾರಂತೆ.

ಐದಕ್ಕೆ ಐದೂ! ನಾನು ದೂರದ ಅಡುಗೆ ಹುಡುಕಿಕೊಂಡು ಹೋದರೆ ಅದು ಅವ್ವನ ಡಬ್ಬಿಯಲ್ಲೇ ಕೂತಿತ್ತು. ಆಮೇಲೆ ಓದಿದಾಗ ತಿಳಿಯಿತು, ಜೋಳ ಮತ್ತು ರಾಗಿ ಎರಡೂ ಸಾವಿರಾರು ವರ್ಷಗಳ ಹಿಂದೆ ಪೂರ್ವ ಆಫ್ರಿಕಾ ಕಡೆಯಿಂದ ಬಂದ ಬೆಳೆಗಳು. ಗುರೆಳ್ಳಿನ ಶಾಸ್ತ್ರೀಯ ಹೆಸರೇ ಗ್ವಿಜೋಷಿಯಾ ಅಬಿಸ್ಸಿನಿಕಾ. ಅಬಿಸ್ಸಿನಿಯಾ ಅಂದರೆ ಇಥಿಯೋಪಿಯಾದ ಹಳೆಯ ಹೆಸರು. ಮಂಡ್ಯದ ವಿ.ಸಿ. ಫಾರಂ ಅನ್ನುವ ಕೃಷಿ ಸಂಶೋಧನಾ ಕೇಂದ್ರದಲ್ಲಿ ವಿಜ್ಞಾನಿ ರಾಗಿ ಲಕ್ಷ್ಮಣಯ್ಯನವರು ನಮ್ಮ ರಾಗಿಗೂ ಆಫ್ರಿಕಾದ ರಾಗಿಗೂ ಅಡ್ಡತಳಿ ಮಾಡಿ ಇಂಡಾಫ್ ಅಂತ ಹೆಸರಿಟ್ಟರಲ್ಲ, ಇಂಡಿಯಾದ ಇಂಡ್, ಆಫ್ರಿಕಾದ ಆಫ್. ನಮ್ಮ ಮುದ್ದೆ ಆಗಲೇ ಫ್ಯೂಷನ್ ಆಗಿದೆ. ನಾನೇನು ಹೊಸದಾಗಿ ಮಾಡೋದು?

ಆದರೂ ಮಾಡೋಣ ಅಂತ ತೀರ್ಮಾನವಾಯಿತು. ಇಂಜೆರಾಕ್ಕೆ ಬೇಕಾದ ಟೆಫ್ ಕಾಳು ಇಲ್ಲಿ ಸಿಗುವುದು ಕಷ್ಟ. ಅದಕ್ಕೆ ಮೂರು ಪಾಲು ಜೋಳದ ಹಿಟ್ಟು, ಒಂದು ಪಾಲು ರಾಗಿ. ಮೇಲೆ ಶಿರೋ, ಅಂದರೆ ಅವರ ಆ ಕಡಲೆಹಿಟ್ಟಿನ ಗೊಜ್ಜು, ಮತ್ತು ನಮ್ಮ ಜುಣಕ ಎರಡರ ನಡುವಿನ ಒಂದು ಗೊಜ್ಜು, ಬೆರ್ಬೆರೆ ಹಾಕಿದ ಬದನೆಕಾಯಿ ಎಣ್ಣೆಗಾಯಿ, ರಾಜಗಿರಿ ಸೊಪ್ಪು. ಮೊದಲು ಕುಡಿಯಲು ಕುಸುಬಿ ಹಾಲು. "ಶುಕ್ರವಾರ ಊಟಕ್ಕೆ ಬನ್ನಿ, ನನಗೂ ಉಪವಾಸ, ನಿಮಗೂ ಉಪವಾಸ" ಅಂದೆ. "ಸರಿ, ಒಂಬತ್ತಕ್ಕೆ ಬರ್ತೀವಿ" ಅಂದಳು. ಬೆಳಿಗ್ಗೆ ಬೇಗ ಬಂದು ಅಡುಗೆಗೆ ಕೈ ಹಚ್ಚುತ್ತಾರೆ ಅಂದುಕೊಂಡು ಖುಷಿಪಟ್ಟೆ. ಈ ಒಂಬತ್ತನ್ನು ನೆನಪಿಟ್ಟುಕೊಳ್ಳಿ.

ಇಂಜೆರಾ ಹಿಟ್ಟಿನ ಕಥೆ ಸ್ವಲ್ಪ ಉದ್ದ. ಹಿಂದಿನ ವಾರ ನಾನೊಬ್ಬನೇ ಮಾಡಲು ಹೋಗಿ ಮಾನ ಕಳೆದುಕೊಂಡಿದ್ದೆ. ಹಿಟ್ಟು ಕಲಸಿ, ಅವಳು ಕೊಟ್ಟ ಎರ್ಶೋ ಹಾಕಿ ಒಂದೂವರೆ ದಿನ ಬಿಟ್ಟೆ. ಎರ್ಶೋ ಅಂದರೆ ಹಳೆ ಹಿಟ್ಟಿನ ಮೇಲೆ ನಿಲ್ಲುವ ಹುಳಿ ನೀರು, ನಮ್ಮ ಹೆಪ್ಪಿನ ಹಾಗೆ. ಹುಳಿ ಚೆನ್ನಾಗಿ ಬಂತು. ಕಾವಲಿಗೆ ಹೊಯ್ದೆ. ಒಣಗಿದ ಕೆರೆಯ ಹಾಗೆ ಬಿರುಕು ಬಿಟ್ಟಿತು. ಎತ್ತಲು ಹೋದರೆ ಏಳೆಂಟು ತುಂಡು. ಗೋಧಿಯಲ್ಲಿರುವ ಅಂಟು ಜೋಳದಲ್ಲಿ ಇಲ್ಲವಲ್ಲ.

ನನ್ನ ತಪ್ಪು ಅಬ್ಸಿಟ್. ಅದನ್ನು ಮಾಡಲೇ ಇಲ್ಲ. ಹುಳಿ ಬಂದ ಹಿಟ್ಟಿನಲ್ಲಿ ಒಂದು ಸೌಟು ತೆಗೆದು, ಮೂರು ಲೋಟ ನೀರಿಗೆ ಹಾಕಿ, ಗಂಜಿಯಾಗುವವರೆಗೆ ಕುದಿಸಿ, ಆರಿಸಿ, ಮತ್ತೆ ಅದೇ ಹಿಟ್ಟಿಗೆ ಬೆರೆಸಬೇಕು. ಆ ಗಂಜಿ ಉಳಿದ ಹಿಟ್ಟನ್ನು ಹಿಡಿದಿಡುತ್ತದೆ. ಇದನ್ನು ಅವಳು ಹೇಳುತ್ತಿದ್ದಂತೆ ನನಗೆ ನಾಚಿಕೆಯಾಯಿತು. ಅವ್ವ ರೊಟ್ಟಿ ಮಾಡುವಾಗ ಮೊದಲು ಮಾಡುವುದೇ ಎಸರು ಕುದಿಸಿ ಹಿಟ್ಟಿನ ನಡುವಿಗೆ ಹೊಯ್ಯುವುದು. ಎಸರು ಹೊಯ್ಯದೆ ತಣ್ಣೀರಲ್ಲಿ ಕಲಸಿದರೆ ರೊಟ್ಟಿ ತಟ್ಟುವಾಗಲೇ ಅಂಚು ಸೀಳುತ್ತದೆ. ಹಿಟ್ಟಿನ ಒಂದು ಪಾಲು ಬಿಸಿಗೆ ಬೆಂದು ಅಂಟಾಗಬೇಕು, ಅಷ್ಟೇ ಗುಟ್ಟು. ಜೋಳ ತಿಂದು ಬೆಳೆದ ನನಗೆ ಇದು ಹೊಳೆಯಬೇಕಿತ್ತು, ಅಲ್ವಾ?

ಈ ಸಲ ಬುಧವಾರ ರಾತ್ರಿ ಹಿಟ್ಟು ಕಲಸಿದೆ. ಶುಕ್ರವಾರ ರಜೆ ಹಾಕಿದೆ. ಬೆಳಿಗ್ಗೆ ಎಂಟಕ್ಕೆ ಮೇಲಿನ ಹಳದಿ ನೀರು ಬಸಿದು, ಅಬ್ಸಿಟ್ ಕುದಿಸಿ ಬೆರೆಸಿದೆ. ಹತ್ತರ ಹೊತ್ತಿಗೆ ಪಾತ್ರೆ ಮೇಲೆ ಗುಳ್ಳೆ ಎದ್ದು ಒಡೆಯತೊಡಗಿದವು. ಕಬ್ಬಿಣದ ಕಾವಲಿ ಬೇಡ ಅಂತ ಅನುಭವ ಹೇಳಿತ್ತು, ನಾನ್‌ಸ್ಟಿಕ್ ತೆಗೆದೆ. ಹೊರಗಿನ ಅಂಚಿನಿಂದ ಶುರು ಮಾಡಿ ಸುತ್ತುತ್ತಾ ಒಳಗೆ ಬರಬೇಕು, ನಮ್ಮ ದೋಸೆಗೆ ತಿರುವುಮುರುವು. ಸೌಟಲ್ಲಿ ಹರಡುವಂತಿಲ್ಲ. ಎಣ್ಣೆ ಇಲ್ಲ. ಹತ್ತು ಸೆಕೆಂಡಿನಲ್ಲಿ ಮೈತುಂಬಾ ಸಣ್ಣ ಸಣ್ಣ ತೂತು ಬೀಳುತ್ತವೆ. ಅವರು ಅದಕ್ಕೆ ಕಣ್ಣು ಅನ್ನುತ್ತಾರೆ. ಕಣ್ಣು ಬಿಟ್ಟ ಮೇಲೆ ಮುಚ್ಚಳ ಮುಚ್ಚಬೇಕು. ಮಗುಚುವುದಿಲ್ಲ, ಒಂದೇ ಕಡೆ ಬೇಯುವುದು. ಅಂಚು ತಾನೇ ಮೇಲೆದ್ದರೆ ಆಯಿತು. ಮೊದಲನೆಯದು ಕುರುಡಾಯಿತು. ಎರಡನೆಯದಕ್ಕೆ ಒಂದು ಕಡೆ ಮಾತ್ರ ಕಣ್ಣು. ಮೂರನೆಯದರಿಂದ ಸರಿಹೋಯಿತು. ಒಟ್ಟು ಒಂಬತ್ತು.

ಈಗ ಉಳ್ಳಾಗಡ್ಡಿ. ಇಥಿಯೋಪಿಯಾದ ಗೊಜ್ಜಿಗೆ ಉಳ್ಳಾಗಡ್ಡಿಯನ್ನು ಎಣ್ಣೆ ಇಲ್ಲದೆ ಹುರಿಯಬೇಕು. ಆರು ಉಳ್ಳಾಗಡ್ಡಿ, ಸಾಸಿವೆಯಷ್ಟು ಸಣ್ಣಗೆ ಹೆಚ್ಚಿ, ದಪ್ಪ ತಳದ ಪಾತ್ರೆಯಲ್ಲಿ ಬರೀ ಬಿಸಿಗೆ. ಮೊದಲ ಹತ್ತು ನಿಮಿಷ ಹಸಿ ಘಾಟು, ಕಣ್ಣೀರು. ಆಮೇಲೆ ನೀರು ಬಿಟ್ಟುಕೊಂಡು ಚುರುಚುರು ಅನ್ನುತ್ತದೆ. ನೀರು ಆರಿದಾಗ ಸದ್ದು ನಿಲ್ಲುತ್ತದೆ, ತಳ ಹಿಡಿಯತೊಡಗುತ್ತದೆ. ಆಗ ಒಂದು ಚಮಚ ನೀರು ಚಿಮುಕಿಸಿ ಕೆರೆಯಬೇಕು. ಮತ್ತೆ ಚುರುಚುರು. ಮತ್ತೆ ಮೌನ. ಹೀಗೆ ನಲವತ್ತು ನಿಮಿಷ. ಬಣ್ಣ ಬಿಳಿಯಿಂದ ಜೇನು, ಜೇನಿನಿಂದ ಬೆಲ್ಲ. ವಾಸನೆಯೂ ಸಿಹಿಯಾಗುತ್ತಾ ಬೆಲ್ಲದ ಹತ್ತಿರಕ್ಕೆ ಬರುತ್ತದೆ. ಉಪವಾಸದ ಹದಿನೈದನೇ ಗಂಟೆಯಲ್ಲಿ ಇದರ ಮುಂದೆ ಸೌಟು ಹಿಡಿದು ನಿಲ್ಲೋದು ಒಂಥರಾ ತಪಸ್ಸು. ಕೆಟ್ಟ ತಪಸ್ಸು. ಉಪ್ಪು ನೋಡುವ ನೆಪದಲ್ಲಿ ಒಂದು ಚಿಟಿಕೆ ಬಾಯಿಗೆ ಹಾಕಿಕೊಳ್ಳಲು ಎರಡು ಸಲ ಕೈ ಎತ್ತಿ ಇಳಿಸಿದೆ. ಅದರಲ್ಲಿ ಉಪ್ಪೇ ಹಾಕಿರಲಿಲ್ಲ.

ಬೆಲ್ಲದ ಬಣ್ಣ ಬಂದ ಮೇಲೆ ಎಣ್ಣೆ. ಅವರ ಊರಲ್ಲಿ ನುಗ್ ಎಣ್ಣೆ, ನಾನು ಕುಸುಬಿ ಎಣ್ಣೆ ಹಾಕಿದೆ. ಬಳ್ಳೊಳ್ಳಿ, ಎರಡು ಚಮಚ ಬೆರ್ಬೆರೆ, ನೀರು. ಕುದಿಯುವಾಗ ಹುರಿದ ಕಡಲೆಹಿಟ್ಟನ್ನು ಬೆರಳ ಸಂದಿಯಿಂದ ಉದುರಿಸುತ್ತಾ ತಿರುವಿದೆ. ಇದು ಜುಣಕದ ಕೈಚಳಕ, ನನಗೆ ಚಿಕ್ಕಂದಿನಿಂದ ಗೊತ್ತು. ಗಂಟು ಕಟ್ಟಲಿಲ್ಲ. ಲೊಟ್ ಲೊಟ್ ಅಂತ ಕುದಿ ಬಂತು.

ಹನ್ನೆರಡಕ್ಕೆ ಆಪ್ ಟಿಣ್ ಅಂದಿತು. ಒಂಬತ್ತಕ್ಕೆ ಬರುತ್ತೇವೆ ಅಂದವರ ಸುಳಿವಿಲ್ಲ. ಎಲ್ಲಿದ್ದೀರಿ ಅಂತ ಮೆಸೇಜ್ ಹಾಕಿದೆ. "ಲೈಬ್ರರಿಯಲ್ಲಿ. ಇನ್ನೂ ಆರು ಗಂಟೆ ಅಲ್ವಾ?" ಅಂತ ಉತ್ತರ ಬಂತು. ನಾನು ಗೋಡೆ ಗಡಿಯಾರ ನೋಡಿದೆ. ಮೊಬೈಲ್ ನೋಡಿದೆ. ಹಸಿವಿಗೆ ತಲೆ ತಿರುಗಿ ಅಕ್ಷರ ತಪ್ಪು ಓದುತ್ತಿದ್ದೇನಾ ಅನ್ನಿಸಿತು. ಅಷ್ಟರಲ್ಲಿ ಅವಳದೇ ಫೋನ್, ನಗು ಮೊದಲು, ಮಾತು ಆಮೇಲೆ. ಇಥಿಯೋಪಿಯಾದಲ್ಲಿ ಗಡಿಯಾರ ಸೂರ್ಯ ಹುಟ್ಟುವಾಗ ಶುರುವಾಗುತ್ತದೆ. ನಮ್ಮ ಬೆಳಗಿನ ಏಳು ಅವರಿಗೆ ಒಂದು ಗಂಟೆ. ನಮ್ಮ ಮಧ್ಯಾಹ್ನದ ಹನ್ನೆರಡು ಅವರಿಗೆ ಆರು. ಅವರ ಒಂಬತ್ತು ಅಂದರೆ ನಮ್ಮ ಮೂರು ಗಂಟೆ, ಅವರು ಉಪವಾಸ ಬಿಡುವ ಹೊತ್ತು. ಇಲ್ಲಿ ಮೂರು ವರ್ಷದಿಂದ ನಮ್ಮ ಲೆಕ್ಕದಲ್ಲೇ ಬದುಕಿದ್ದರೂ ಉಪವಾಸದ ಮಾತು ಬಂದಾಗ ನಾಲಿಗೆ ಊರಿನ ಗಂಟೆ ಹೇಳಿಬಿಟ್ಟಿತ್ತು. "ನೀವು ತಿಂದುಬಿಡಿ, ನಾವು ಮೂರಕ್ಕೆ ಬರ್ತೀವಿ" ಅಂದಳು.

ತಿನ್ನಬಹುದಿತ್ತು. ಕರೆದವನೇ ಮೊದಲು ಕೂತು ತಿನ್ನೋದು ಹೇಗೆ? ಕಾಯುತ್ತೇನೆ ಅಂದೆ. ಹೇಳಿ ಫೋನ್ ಇಟ್ಟ ಮೇಲೆ ಪಶ್ಚಾತ್ತಾಪವೂ ಆಯಿತು.

ಮೂರು ಗಂಟೆ ಸುಮ್ನೆ ಕೂರಲಾಗದೆ ಎಣ್ಣೆಗಾಯಿಗೆ ಕೈ ಹಾಕಿದೆ. ಶೇಂಗಾ, ಗುರೆಳ್ಳು ಹುರಿದು ಪುಡಿ ಮಾಡಿ, ಮಸಾಲೆ ಖಾರದ ಬದಲು ಬೆರ್ಬೆರೆ, ಹುಣಸೆ, ಚೂರು ಬೆಲ್ಲ ಸೇರಿಸಿ, ಸಣ್ಣ ಬದನೆಕಾಯಿಗೆ ತುಂಬಿದೆ. ಇದರ ಬಗ್ಗೆ ಜಾಸ್ತಿ ಹೇಳಲು ಏನಿಲ್ಲ, ಎಣ್ಣೆಗಾಯಿ ಕೆಡುವುದಿಲ್ಲ. ಸೊಪ್ಪಿಗೆ ಬಳ್ಳೊಳ್ಳಿ, ಹಸಿಮೆಣಸಿನಕಾಯಿ ಮಾತ್ರ. ರಾತ್ರಿ ನೆನೆಸಿದ್ದ ಕುಸುಬಿಯನ್ನು ರುಬ್ಬಿ, ಬಿಳಿ ಪಂಚೆ ತುಂಡಲ್ಲಿ ಹಿಂಡಿದೆ. ದಪ್ಪ ಹಾಲು ಇಳಿಯಿತು. ಊರಲ್ಲಿ ಈ ಹಾಲಿನಿಂದ ಹುಗ್ಗಿ ಮಾಡುತ್ತಾರೆ. ಅವರು ಇದಕ್ಕೆ ಇಂಜೆರಾ ಮುರಿದು ಹಾಕಿ ತಿನ್ನುತ್ತಾರೆ.

ಒಂದೂವರೆಗೆ ಎಲ್ಲಾ ಮುಗಿಯಿತು. ಶಿರೋಗೆ ಒಂದು ಒಗ್ಗರಣೆ ಕೊಟ್ಟರೆ ಘಮ ಬರುತ್ತದೆ ಅನ್ನಿಸಿತು. ಸಾಸಿವೆ ಸಿಡಿಸಿದೆ, ಕರಿಬೇವು ಹಾಕಿದೆ, ಚುಂಯ್ ಅಂತ ಹೊಯ್ದೆ. ಹೊಯ್ದ ಮೇಲೆ ವಾಸನೆ ಮೂಗಿಗೆ ಬಡಿಯಿತು. ತುಪ್ಪ! ಕೈ ತಾನಾಗಿ ತುಪ್ಪದ ಡಬ್ಬಿಗೆ ಹೋಗಿತ್ತು. ಉಪವಾಸದ ದಿನ ಅವರು ಹಾಲಿನ ಪದಾರ್ಥ ಮುಟ್ಟುವುದಿಲ್ಲ. ಹೇಳದಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ ಅನ್ನುವ ಯೋಚನೆ ಒಂದು ಕ್ಷಣ ಬಂದದ್ದು ಸುಳ್ಳಲ್ಲ. ಆಮೇಲೆ ಬೈದುಕೊಂಡು ಮತ್ತೆ ಆರು ಉಳ್ಳಾಗಡ್ಡಿ ತೆಗೆದೆ. ಚುರುಚುರು, ಮೌನ, ಚುರುಚುರು, ಮೌನ. ಮೂರಕ್ಕೆ ಹತ್ತು ನಿಮಿಷ ಇರುವಾಗ ಎರಡನೇ ಶಿರೋ ಇಳಿಯಿತು.

ಅವರು ಬಂದರು. ನಾನು ನಾಲ್ಕು ತಟ್ಟೆ ಇಟ್ಟಿದ್ದೆ. ಅವಳು ಅವನ್ನು ಎತ್ತಿ ಬದಿಗಿಟ್ಟು, ನಮ್ಮ ರೊಟ್ಟಿ ಹಿಟ್ಟು ಕಲಸುವ ದೊಡ್ಡ ಪರಾತವನ್ನು ನಡುವೆ ಇಟ್ಟಳು. ಮೂರು ಇಂಜೆರಾ ಒಂದರ ಮೇಲೊಂದು ಅಂಚು ಸೇರುವಂತೆ ಹಾಸಿ, ಗುಡ್ಡೆ ಗುಡ್ಡೆಯಾಗಿ ಬಡಿಸಿದಳು. ಒಂದೇ ತಟ್ಟೆಯ ಸುತ್ತ ನಾಲ್ವರು. ನನ್ನ ಹೆಂಡತಿ ನನ್ನ ಮುಖ ನೋಡಿದಳು, ಎಂಜಲು ಅಂತ ಅವಳ ಕಣ್ಣಲ್ಲಿತ್ತು. ಒಂದೆರಡು ನಿಮಿಷ ಅಷ್ಟೇ, ಆಮೇಲೆ ಅವಳದೇ ಕೈ ಮುಂದೆ ಇತ್ತು.

ಮೊದಲು ಕುಸುಬಿ ಹಾಲು. ಹತ್ತೊಂಬತ್ತು ಗಂಟೆ ಖಾಲಿ ಇದ್ದ ಹೊಟ್ಟೆಗೆ ತಣ್ಣಗೆ, ಮೆತ್ತಗೆ ಇಳಿಯಿತು. ಐದು ನಿಮಿಷ ಬಿಟ್ಟು ಇಂಜೆರಾ ಮುರಿದೆವು. ಇಂಜೆರಾ ಟೆಫ್‌ನದರಷ್ಟು ಹಿಗ್ಗುವುದಿಲ್ಲ, ಸ್ವಲ್ಪ ಮುರುಕಲು. ಆದರೆ ಜೋಳದ ಸಿಹಿಗೂ ಆ ಹುಳಿಗೂ ಹೇಳಿ ಮಾಡಿಸಿದ ಜೋಡಿ. ಶಿರೋ ಬಗ್ಗೆ ಅವಳು "ಇದು ನಮ್ಮದೂ ಅಲ್ಲ, ಆದರೆ ಬೇರೆಯದೂ ಅಲ್ಲ" ಅಂದಳು. ಎಣ್ಣೆಗಾಯಿ ಮಾತ್ರ ಅವರಿಬ್ಬರೂ ಮಾತಾಡದೆ ಖಾಲಿ ಮಾಡಿದರು. ಗುರೆಳ್ಳನ್ನು ಹೀಗೂ ತಿನ್ನಬಹುದು ಅಂತ ಅವರಿಗೆ ಗೊತ್ತಿರಲಿಲ್ಲ.

ನಡುವೆ ಅವಳು ಒಂದು ದೊಡ್ಡ ತುತ್ತು ಸುತ್ತಿ ನನ್ನ ಹೆಂಡತಿಯ ಬಾಯಿಗೇ ಇಟ್ಟಳು. ಆಮೇಲೆ ನನ್ನ ಬಾಯಿಗೆ. ಗುರ್ಶಾ ಅಂತಾರಂತೆ, ಬೇಡ ಅನ್ನುವಂತಿಲ್ಲ. ಬಾಯಿ ತುಂಬಿ ಮಾತು ಹೊರಡಲಿಲ್ಲ. ಕೈತುತ್ತು ತಿಂದು ಎಷ್ಟು ವರ್ಷ ಆಗಿತ್ತೋ. ಮಾತು ಬಂದ ಮೇಲೆ ನಾನು ವಿಜಯಪುರದ ಕಥೆ ತೆಗೆದೆ. ಅವರ ಜನ ತಮ್ಮನ್ನು ಹಬೆಷಾ ಅಂತ ಕರೆದುಕೊಳ್ಳುತ್ತಾರೆ. ಗೋಲಗುಮ್ಮಟ ಕಟ್ಟಿಸಿದ ಮುಹಮ್ಮದ್ ಆದಿಲ್ ಷಾನ ದರ್ಬಾರಿನಲ್ಲಿ ಇಖ್ಲಾಸ್ ಖಾನ್ ಅನ್ನುವ ಹಬ್ಶಿ, ಅಂದರೆ ಇಥಿಯೋಪಿಯಾ ಕಡೆಯವನು, ಬಹಳ ದೊಡ್ಡ ಹುದ್ದೆಯಲ್ಲಿದ್ದ ಅಂದೆ. "ಅವನಿಗೆ ಊಟಕ್ಕೆ ತೊಂದರೆ ಆಗಿರಲಿಕ್ಕಿಲ್ಲ" ಅಂದಳು, ಗುರೆಳ್ಳಿನ ಡಬ್ಬಿ ಕಡೆ ನೋಡುತ್ತಾ.

ಕೊನೆಗೆ ಉಳಿಯುವುದು ತಳದ ಇಂಜೆರಾ. ಎಲ್ಲಾ ಗೊಜ್ಜೂ ಇಳಿದು ನೆನೆದಿರುತ್ತದೆ. ಇಡೀ ಊಟದಲ್ಲಿ ನನಗೆ ಹಿಡಿಸಿದ್ದು ಅದೇ. ಅದಕ್ಕೆ ನಾಲ್ಕು ಕೈಗಳ ಪೈಪೋಟಿ. ತೂಕಡಿಕೆ ಬರಲಿಲ್ಲ. ಎದೆಯುರಿಯೂ ಇಲ್ಲ. ರಾತ್ರಿ ಎಂಟಕ್ಕೆ ಒಂದು ಲೋಟ ಮಜ್ಜಿಗೆ ಕುಡಿದು ಮಲಗಿದೆ. ತೂಕದ ಯಂತ್ರದ ಸಂಗತಿ ಈಗಲೇ ಹೇಳುವುದಿಲ್ಲ, ಒಂದು ಊಟಕ್ಕೆ ಅದೇನು ಹೇಳೀತು.

ಅವಳು ಹೋಗುವಾಗ ಅರ್ಧ ಡಬ್ಬಿ ಗುರೆಳ್ಳು ಒಯ್ದಳು. ಬದಲಿಗೆ ಒಂದು ಬಾಟಲಿ ಎರ್ಶೋ ಕೊಟ್ಟಳು. ಅದೀಗ ಫ್ರಿಜ್ಜಿನಲ್ಲಿ ದೋಸೆ ಹಿಟ್ಟಿನ ಪಕ್ಕದಲ್ಲಿದೆ. ತುಪ್ಪದ ಶಿರೋ ಡಬ್ಬಿಯಲ್ಲಿತ್ತು. ಶನಿವಾರ ಹನ್ನೆರಡಕ್ಕೆ ಉಳಿದ ಇಂಜೆರಾ ಹರಿದು, ಆ ಶಿರೋದಲ್ಲಿ ಕಲಸಿ, ಬಿಸಿ ಮಾಡಿದೆ. ಅವರು ಇದಕ್ಕೆ ಫಿರ್‌ಫಿರ್ ಅನ್ನುತ್ತಾರೆ, ನಮ್ಮ ಒಗ್ಗರಣೆ ರೊಟ್ಟಿಯ ಥರ. ಎರಡನೇ ತುತ್ತಿಗೆ ಮೊಬೈಲ್ ಟಿಣ್ ಟಿಣ್ ಟಿಣ್ ಅಂತ ಬಡಿದುಕೊಂಡಿತು. ಶುಕ್ರವಾರದ ಗಲಾಟೆಯಲ್ಲಿ ಗುಂಡಿ ಒತ್ತಲು ಮರೆತಿದ್ದೆ. ಪರದೆ ಮೇಲೆ ಬಂಗಾರದ ಪದಕ, ಬಣ್ಣದ ಕಾಗದದ ಚೂರುಗಳ ಮಳೆ. ನೀವು ನಲವತ್ತು ಗಂಟೆ ಉಪವಾಸ ಮುಗಿಸಿದ್ದೀರಿ ಅಂತ ಬರೆದಿತ್ತು. ಎಡಗೈಯಲ್ಲಿ ಅದನ್ನು ಬೋರಲು ಹಾಕಿ ಮೂರನೇ ತುತ್ತು ಸುತ್ತಿದೆ.